ಲಾಸಾರೊ ಗೆಲ್ಲಿಸಿದ ಕಪ್

ಮೌಂಟ್ ಆಲ್ಬರ್ಟ್, ಜೂನ್ 2007

ಅಪ್ಪ,

ನೀವು ತೀರಿಕೊಂಡ ಮೇಲೆ ಮೊದಲ ಸಲ ಇವತ್ತು ನ್ಯೂ ಲಿನ್ ಮೈದಾನದಲ್ಲಿ ನಿಮ್ಮ ಉರುಗ್ವೆಯ ಗೆಳೆಯ ಎಕ್ತೋರ್ ಸಿಕ್ಕಿದ್ದರು. ನಿಮಗೆ ಪ್ರಾಣವಾಗಿದ್ದ ಮೂವತ್ತರ ದಶಕದ ಫುಟ್‌ಬಾಲ್ ಆಟಗಾರ ಲಾಸಾರೊನ ಮಾತೆತ್ತಿದೆ.

"ಕೊನೇವರೆಗೂ ಒಂದೇ ಕ್ಲಬ್, ಅಲ್ವಾ ಅಂಕಲ್?"

"ಯಾರು, ಅವನಾ? ಆಟ ಬಿಟ್ಟ ವರ್ಷವೇ ಎದುರಾಳಿಗಳ ಮ್ಯಾನೇಜರ್ ಆಗಿ ಅವರಿಗೆ ಕಪ್ ಗೆಲ್ಲಿಸಿದ! ನಿಮ್ಮಪ್ಪ ಮೊದಲಿಂದ್ಲೂ ನನ್ನಿಂದ ಅದನ್ನೇ ಮತ್ತೆ ಮತ್ತೆ ಹೇಳಿಸಿ ನಗ್ತಿದ್ರು."

ದೂರದ ಡನೀಡಿನ್‌ನ ವಿಶ್ವವಿದ್ಯಾಲಯದಲ್ಲಿ ನನಗೆ ಕೆಲಸ ಸಿಕ್ಕಾಗ ನೀವು ಹೇಳಿದ್ದು ಒಂದೇ ಮಾತು. "ಲಾಸಾರೊ ತನ್ನವರನ್ನ ಬಿಟ್ಟು ಹೋಗ್ಲಿಲ್ಲ ಕಣಮ್ಮ." ನಾನು ಹೋಗಲಿಲ್ಲ.

ಒಬ್ಬನೇ ಇರಲು ಭಯ ಎಂದು ನೀವು ನೇರವಾಗಿ ಹೇಳಿದ್ದರೂ ಬಹುಶಃ ಉಳಿಯುತ್ತಿದ್ದೆ. ಆದರೆ ಆ ತೀರ್ಮಾನ ನನ್ನದಾಗಿರುತ್ತಿತ್ತು.

ಎಕ್ತೋರ್ ಎದುರು, ಎಲ್ಲ ಮೊದಲೇ ಗೊತ್ತಿದ್ದವಳಂತೆ ನಾನೂ ನಕ್ಕುಬಿಟ್ಟೆ.