ಎರಡು ಕೈಯ ಹಿಡಿತ

ಕೀಲ್ಪಾಕ್, ಚೆನ್ನೈ
27 ಜನವರಿ 2025, ಸೋಮವಾರ

ಮಧ್ಯಾಹ್ನ. ಮಾನ್ಯಾ ಒಳಗೆ ಮಲಗಿದ್ದಾಳೆ. ಇವರು ಆಫೀಸಿಗೆ ಹೋಗಿದ್ದಾರೆ. ನಾನು ರಜೆ ಹಾಕಿದ್ದೇನೆ.

ಪ್ರೀತಿಯ ಚಂದ್ರಕ್ಕ,

ನಿನಗೂ ಭಾವನವರಿಗೂ ನನ್ನ ನಮಸ್ಕಾರ. ನೀನು ಕಳಿಸಿದ ಕುಸುರೆಳ್ಳು ಸಂಕ್ರಾಂತಿಗೆ ಮೊದಲೇ ಬಂದು ಮುಟ್ಟಿತು. ಮುಟ್ಟಿತೆಂದು ತಿಳಿಸಲು ಇಷ್ಟು ದಿನ ತೆಗೆದುಕೊಂಡದ್ದಕ್ಕೆ ಬೈಯಬೇಡ. ಬರೆಯಲು ಕೂತು, ಏನೋ ನೆಪ ಹುಡುಕಿ ಎದ್ದುಹೋಗುತ್ತಿದ್ದೆ. ಡಬ್ಬಿಯನ್ನು ಇನ್ನೂ ತೆರೆದಿಲ್ಲ. ಈ ಸಲ ಮಾನ್ಯಾಗೆ ಎಳ್ಳು ಕೊಡುವ ಹಾಗಿಲ್ಲ, ಅವಳನ್ನು ಬಿಟ್ಟು ನಾವು ತಿನ್ನಲಾರೆವು. ಕಾರಣ ಬರೆಯುತ್ತೇನೆ. ಈ ಪತ್ರ ಅದಕ್ಕೇ.

ಫೋನ್ ಮಾಡಬಹುದಿತ್ತಲ್ಲ ಎನ್ನುತ್ತೀಯ. ಮಾಡಿದ್ದೆ. ಎತ್ತಿಕೊಂಡವನು ಸುಘೋಷ. "ಮೌಶಿ, ಅಮ್ಮ ದೇವರ ಮುಂದ ಕೂತಾಳ. ಏನರೆ ಹೇಳೋದಿತ್ತೇನು?" ಎಂದ. ಏನಿಲ್ಲಪ್ಪ, ಸುಮ್ಮನೆ ಮಾಡಿದೆ ಎಂದೆ. "ಮಾನ್ಯಕ್ಕಗ ಹೇಳ್ರಿ, ಕುಸುರೆಳ್ಳು ಒಬ್ಬಾಕೀನ ಖಾಲಿ ಮಾಡಬ್ಯಾಡ ಅಂತ" ಎಂದು ನಕ್ಕ. ಆಮೇಲೆ ಕಾಲೇಜಿನ ಸುದ್ದಿ ಹೇಳಿದ. "ನಮ್ಮ ಸರ್ ನನ್ನ ಪೇಪರ್ ಎತ್ತಿ ಹಿಡದು, ಇದೇನೋ ಕಾಗಿ ಕಾಲು ಗುಬ್ಬಿ ಕಾಲು ಬರದೀ ಅಂದ್ರು, ಎಲ್ಲಾರ ಮುಂದ. ನಾನೂ ನಕ್ಕುಬಿಟ್ಟೆ ಮೌಶಿ." ನಾನು ಮಾತ್ರ ನಗಲಿಲ್ಲ. ಏಕೆಂದು ಮುಂದೆ ಓದಿದರೆ ನಿನಗೆ ತಿಳಿಯುತ್ತದೆ. ನಿನ್ನ ಫೋನು ಯಾವಾಗಲೂ ಅವನ ಕೈಯಲ್ಲೇ ಇರುವುದರಿಂದ ಮೆಸೇಜು ಕಳಿಸುವ ಹಾಗೂ ಇಲ್ಲ. ಇದನ್ನು ಭಾವನವರ ಬ್ಯಾಂಕಿನ ವಿಳಾಸಕ್ಕೆ ಕಳಿಸುತ್ತಿದ್ದೇನೆ. ನೀನು ಒಬ್ಬಳೇ ಇರುವಾಗ ಓದು.

ಮಾನ್ಯಾಗೆ ಕಾಯಿಲೆ. ಅದಕ್ಕೆ ವಿಲ್ಸನ್ ಕಾಯಿಲೆ ಎನ್ನುತ್ತಾರೆ. ನಾವು ತಿನ್ನುವ ಅನ್ನ, ಬೇಳೆ, ಕಾಳು ಎಲ್ಲದರಲ್ಲೂ ಒಂದಿಷ್ಟು ತಾಮ್ರ ಇರುತ್ತದಂತೆ. ದೇಹಕ್ಕೆ ಬೇಕಾದಷ್ಟನ್ನು ಇಟ್ಟುಕೊಂಡು ಉಳಿದದ್ದನ್ನು ಯಕೃತ್ತು ಹೊರಗೆ ಹಾಕುತ್ತದೆ. ಇವಳಲ್ಲಿ ಆ ಬಾಗಿಲು ಹುಟ್ಟಿದಾಗಿನಿಂದಲೇ ಮುಚ್ಚಿದೆ. ತಾಮ್ರ ಒಳಗೇ ಉಳಿದು, ಯಕೃತ್ತು ತುಂಬಿ, ಮೆದುಳಿಗೂ ಕಣ್ಣಿಗೂ ಹೋಗಿ ಕೂತಿದೆ. ಔಷಧಿ ಇದೆ ಅಕ್ಕ. ಅದನ್ನು ಮೊದಲು ಹೇಳಬೇಕಿತ್ತು. ಔಷಧಿ ಇದೆ, ಬದುಕಿರುವಷ್ಟು ಕಾಲವೂ ತಪ್ಪದೆ ತೆಗೆದುಕೊಳ್ಳಬೇಕು, ತೆಗೆದುಕೊಂಡರೆ ಎಲ್ಲರಂತೆ ಇರಬಹುದು.

ಗೊತ್ತಾದದ್ದು ಅವಳ ಕಾಲೇಜಿನ ಪ್ರಯೋಗಶಾಲೆಯಿಂದ. ಕೆಮಿಸ್ಟ್ರಿಯವರು ಈ ಊರಿನ ಬೋರ್‌ವೆಲ್ ನೀರಿನ ಗಡಸುತನ ಅಳೆಯುವ ಪ್ರಯೋಗ ಮಾಡಿಸುತ್ತಾರೆ. ನೀರಿಗೆ ಬಣ್ಣ ಹಾಕಿ ಕೆಂಪಾಗಿಸಿ, ಉದ್ದನೆಯ ಗಾಜಿನ ಕೊಳವೆಯಿಂದ ಒಂದು ದ್ರಾವಣವನ್ನು ಹನಿ ಹನಿಯಾಗಿ ಬಿಡಬೇಕು. ಅದು ನೀರಿನಲ್ಲಿರುವ ಸುಣ್ಣದ ಅಂಶವನ್ನು ಹಿಡಿಯುತ್ತಾ ಹೋಗುತ್ತದೆ. ಕೊನೆಯ ಕಣವನ್ನೂ ಹಿಡಿದ ಕ್ಷಣ ಕೆಂಪು ನೀರು ನೀಲಿಯಾಗುತ್ತದೆ. ಅಲ್ಲಿಗೆ ನಿಲ್ಲಿಸಬೇಕು. ಮಾನ್ಯಾಗೆ ನಿಲ್ಲಿಸಲಾಗುತ್ತಿರಲಿಲ್ಲ. ಕೈ ನಡುಗಿ ಹೆಚ್ಚು ಬಿದ್ದುಹೋಗುತ್ತಿತ್ತು. "ಎನ್ನಮ್ಮಾ, ಕೈ ಇಪ್ಪಡಿ ನಡುಂಗುದು, ಲವ್ವಾ?" ಎಂದು ಅವರ ಮೇಷ್ಟ್ರು ಕೇಳಿದರಂತೆ, ಕ್ಲಾಸೆಲ್ಲ ನಕ್ಕಿತಂತೆ. ಅದಕ್ಕೂ ಮೊದಲೇ ಅವಳ ಬರವಣಿಗೆ ಕೆಟ್ಟಿತ್ತು. ಅಕ್ಷರಗಳು ಚಿಕ್ಕದಾಗಿ, ಒಂದರ ಮೇಲೊಂದು ಬಿದ್ದುಕೊಂಡಂತೆ. ಪರೀಕ್ಷೆಯ ಅವಸರ ಎಂದುಕೊಂಡಿದ್ದೆ.

ಕಣ್ಣಿನ ವಿಷಯವನ್ನು ನಿನಗೆ ಮಾತ್ರ ಹೇಳಬಲ್ಲೆ. ದೀಪಾವಳಿ ಕಳೆದ ಮೇಲೆ ಒಂದು ಸಂಜೆ ಬೆಸೆಂಟ್ ನಗರದ ಬೀಚಿಗೆ ಹೋಗಿದ್ದೆವು. ಮಳೆ ಬಿಟ್ಟಿತ್ತು, ಬೆಳಕು ಎಲ್ಲಿಂದ ಬರುತ್ತಿದೆ ಎಂದು ತಿಳಿಯದ ಹೊತ್ತು. ಸಮುದ್ರಕ್ಕೂ ಆಕಾಶಕ್ಕೂ ನಡುವಿನ ಗೆರೆ ಅಳಿಸಿಹೋಗಿ, ದೂರದ ದೋಣಿಗಳು ಗಾಳಿಯಲ್ಲಿ ನಿಂತ ಹಾಗೆ ಕಾಣುತ್ತಿದ್ದವು. ಮಾನ್ಯಾ ತಿರುಗಿ ನನ್ನ ಕಡೆ ನೋಡಿದಳು. ಅವಳ ಕಣ್ಣಿನ ಕಪ್ಪಿನ ಅಂಚಿನಲ್ಲಿ ಹಸಿರು ಬೆರೆತ ಹೊಂಬಣ್ಣದ ಒಂದು ಉಂಗುರ. ಎಷ್ಟು ಚೆನ್ನಾಗಿದೆ ಎಂದುಕೊಂಡೆ. ನಮ್ಮ ಮನೆಯಲ್ಲಿ ಯಾರಿಗೂ ಇಲ್ಲದ ಕಣ್ಣು ಇವಳಿಗೆ ಬಂತಲ್ಲ ಎಂದು ಒಳಗೊಳಗೇ ಹಿಗ್ಗಿದೆ. ಕಣ್ಣಿನ ಡಾಕ್ಟರು ಯಂತ್ರದಲ್ಲಿ ನೋಡಿ, ಅದು ತಾಮ್ರ ಎಂದರು.

ಆ ದಿನ ಮನೆಗೆ ಬಂದವಳೇ ಅಡುಗೆಮನೆಯ ತಾಮ್ರದ ಬಿಂದಿಗೆಯನ್ನು ಬರಿದು ಮಾಡಿ ಅಟ್ಟದ ಮೇಲಿಟ್ಟೆ. ನಮ್ಮಿಬ್ಬರ ಮದುವೆಗೂ ಅಮ್ಮ ಕೊಟ್ಟಳಲ್ಲ, ಒಂದೇ ಅಂಗಡಿಯವು, ಅದೇ ಬಿಂದಿಗೆ. ರಾತ್ರಿ ನೀರು ತುಂಬಿಸಿಟ್ಟು, ಬೆಳಿಗ್ಗೆ ಎದ್ದ ತಕ್ಷಣ ಮೊದಲ ಲೋಟ ಮಾನ್ಯಾಗೆ ಕೊಡುತ್ತಿದ್ದೆ. ಬುದ್ಧಿ ಚುರುಕಾಗುತ್ತದೆ ಎಂದು. ಕಾಯಿಲೆ ಬಂದದ್ದು ಅದರಿಂದಲ್ಲ, ಹುಟ್ಟಿನಿಂದಲೇ ಇದ್ದದ್ದು ಎಂದು ಡಾಕ್ಟರ್ ಸ್ಪಷ್ಟವಾಗಿ ಹೇಳಿದರು. ಆದರೆ ಇನ್ನು ಮೇಲೆ ಆ ನೀರು ಬೇಡ, ಎಳ್ಳು, ಗೋಡಂಬಿ, ಚಾಕೊಲೇಟು ಬೇಡ. ಇವರು ಈಗ ತೀರ್ಥವನ್ನೂ ಬೆಳ್ಳಿಯ ಬಟ್ಟಲಿನಲ್ಲೇ ಇಡುತ್ತಾರೆ. ಮೊದಲ ದಿನ ಮಾನ್ಯಾ ಕೈಯೊಡ್ಡಿ, "ಅಪ್ಪಾ, ಪ್ರಮೋಷನ್ನಾ?" ಎಂದಳು. ಇವರು ನಗಲು ಹೋಗಿ ತೀರ್ಥ ಚೆಲ್ಲಿದರು.

ಅವಳಿಗೆ ಕೊಡುವ ಮಾತ್ರೆ ಮಾಡುವ ಕೆಲಸಕ್ಕೆ ಒಂದು ಹೆಸರಿದೆ. ಡಾಕ್ಟರು 'ಚೆಲೇಷನ್' ಎಂದರು. ಮನೆಗೆ ಬರುತ್ತ ಮಾನ್ಯಾ, "'ಚ' ಅಲ್ಲಮ್ಮ, 'ಕೀಲೇಷನ್'. ಅವರಿಗೆ ಗೊತ್ತಿಲ್ಲ, ಬಿಡು" ಎಂದಳು. ನಾನು ಅನುವಾದದ ಕಾದಂಬರಿಗಳನ್ನೇ ಓದುವವಳು ಎಂದು ನೀನು ಹಿಂದೆ ಗೇಲಿ ಮಾಡುತ್ತಿದ್ದೆಯಲ್ಲ. ಅವುಗಳಲ್ಲಿ ಅನುವಾದಕರು ಕೆಲವು ಪದಗಳನ್ನು ಮೂಲದಲ್ಲಿದ್ದಂತೆಯೇ ಬಿಟ್ಟಿರುತ್ತಾರೆ, ಯಾವುದೋ ಹಿಮದ ಊರಿನ ರೊಟ್ಟಿಯ ಹೆಸರು, ಒಂದು ಗಾಳಿಯ ಹೆಸರು. ಅಂಥ ಪದ ಬಂದಾಗ ನಾನು ಮುಂದೆ ಹೋಗುವುದಿಲ್ಲ. ಅದು ಏನೆಂದು ತಿಳಿಯುವವರೆಗೆ ಅಲ್ಲೇ ನಿಲ್ಲುತ್ತೇನೆ. ಇದರ ಮುಂದೆಯೂ ನಿಂತೆ. ಗ್ರೀಕರ ಮಾತಿನಲ್ಲಿ ಏಡಿಯ ಇಕ್ಕಳದಂಥ ಕೊಂಡಿಗೆ ಇರುವ ಹೆಸರಿನಿಂದ ಬಂದ ಪದ ಅದು. ಒಂದು ಲೋಹದ ಕಣವನ್ನು ಇನ್ನೊಂದು ವಸ್ತು ಒಂದಕ್ಕಿಂತ ಹೆಚ್ಚು ಕಡೆಯಿಂದ ಹಿಡಿದುಕೊಂಡಾಗ ಮಾತ್ರ ಅದು ಕೀಲೇಟ್. ಒಂದೇ ಕಡೆ ಹಿಡಿದರೆ ಆ ಹೆಸರು ಸಲ್ಲುವುದಿಲ್ಲ. ಕನ್ನಡದಲ್ಲಿ ಒಂದೇ ಪದ ನನಗೆ ಸಿಗಲಿಲ್ಲ.

ಪದ ತಿಳಿದ ಮೇಲೆ ಎಲ್ಲೆಲ್ಲೂ ಕಾಣತೊಡಗಿತು. ಅಣ್ಣಾ ನಗರದ ನರ್ಸರಿಯಲ್ಲಿ ಗುಲಾಬಿಗೆ ಹಾಕುವ ಪುಡಿಯ ಪೊಟ್ಟಣದ ಮೇಲೆ 'ಕೀಲೇಟೆಡ್ ಜಿಂಕ್' ಎಂದಿತ್ತು. ಮಾನ್ಯಾಳನ್ನು ಕೇಳಿದೆ, ನಿನ್ನ ಮಾತ್ರೆಯ ಪದ ಇಲ್ಲೇಕೆ? "ಮಣ್ಣಲ್ಲಿ ಸತು ಸಿಕ್ಕಿಹಾಕಿಕೊಳ್ಳದ ಹಾಗೆ ಹಿಡಿದು ಬೇರಿನ ಹತ್ರ ಕರಕೊಂಡು ಹೋಗತ್ತೆ. ನನ್ನ ಮೈಯಲ್ಲಿ ತಾಮ್ರನ ಹಿಡಿದು ಹೊರಗೆ ಕರಕೊಂಡು ಹೋಗತ್ತೆ. ಕೆಲಸ ಒಂದೇ ಮಾ, ದಾರಿ ಬೇರೆ" ಎಂದಳು.

ಎರಡು ಕೈಯಾದರೆ ಹೆಚ್ಚು ಬಲ, ಅದಕ್ಕೇ ಬಿಡುವುದಿಲ್ಲ ಅಲ್ಲವೇ ಎಂದು ಕೇಳಿದೆ. ಅವಳು ಹಾಸಿಗೆಯಲ್ಲಿ ಎದ್ದು ಕೂತು ನನ್ನ ಮಣಿಕಟ್ಟನ್ನು ಎರಡೂ ಕೈಯಿಂದ ಹಿಡಿದಳು. ಕೈ ನಡುಗುತ್ತಿತ್ತು. "ಅಪ್ಪಡಿ ಇಲ್ಲಮ್ಮ, ಬಲ ಅಲ್ಲ ಅದು. ಒಂದು ಕೈ ಅಂದ್ರೆ, ಬಿಟ್ಟ ತಕ್ಷಣ ಗುಂಪಲ್ಲಿ ಎಲ್ಲೋ ಹೋಗ್ಬಿಡತ್ತೆ. ಎರಡಿದ್ರೆ, ನೋಡು," ಎಂದು ಒಂದು ಕೈ ಬಿಟ್ಟಳು, "ಒಂದು ಬಿಟ್ರೂ ಇನ್ನೊಂದು ಹಿಡಿದಿರತ್ತಲ್ಲ, ಅದಕ್ಕೆ ಬಿಟ್ಟ ಕೈ ದೂರ ಹೋಗಲ್ಲ. ಪಕ್ಕದಲ್ಲೇ ಇರತ್ತೆ. ಮತ್ತೆ ಹಿಡಿಯತ್ತೆ. ಅಷ್ಟೇ ಮಾ." ಮತ್ತೆ ಹಿಡಿದಳು. ನನಗೆ ನಿನ್ನ ನೆನಪಾಯಿತು.

ಈಗ ಹೇಳಬೇಕಾದದ್ದಕ್ಕೆ ಬರುತ್ತೇನೆ. ಈ ಕಾಯಿಲೆ ತಂದೆಯ ಕಡೆಯಿಂದ ಅರ್ಧ, ತಾಯಿಯ ಕಡೆಯಿಂದ ಅರ್ಧ ಬಂದು ಕೂಡಿದಾಗ ಕಾಣಿಸಿಕೊಳ್ಳುತ್ತದೆ. ಇವರಲ್ಲೂ ನನ್ನಲ್ಲೂ ಅರ್ಧ ಅರ್ಧ ಇದೆ, ನಮಗೆ ಏನೂ ಆಗುವುದಿಲ್ಲ. ನಮಗೆ ಹುಟ್ಟಿದ ಪ್ರತಿ ಮಗುವಿಗೂ ಕಾಯಿಲೆ ಬರುವ ಸಾಧ್ಯತೆ ನಾಲ್ಕರಲ್ಲಿ ಒಂದು.

ಅಕ್ಕ, ಸುಘೋಷನಿಗೂ.

ಅವನನ್ನು ನಿನ್ನ ಮಡಿಲಿಗೆ ಹಾಕಿದ ದಿನದಿಂದ ನಾನು ಅವನಿಗೆ ಮೌಶಿ, ಚಿಕ್ಕಮ್ಮ. ತೊಟ್ಟಿಲಲ್ಲಿ ಹೆಸರು ಕರೆದವಳು ನೀನು, ರಾತ್ರಿಗಳನ್ನು ಎದ್ದು ಕಳೆದವಳು ನೀನು. ಹೇಳುವ ಹೊತ್ತು ಬಂದಾಗ ನಾನೇ ಹೇಳುತ್ತೇನೆ, ಅಲ್ಲಿಯವರೆಗೆ ಯಾರೂ ಬಾಯಿ ಬಿಡಬಾರದು ಎಂದವಳೂ ನೀನೇ. ನಾವು ಯಾರೂ ಬಿಡಲಿಲ್ಲ. ಮಾನ್ಯಾ ಕೂಡ. ಆಗ ಅವಳು ಚಿಕ್ಕವಳು, ಮರೆತಿದ್ದಾಳೆ ಎಂದುಕೊಂಡಿದ್ದೆವು, ಮರೆತಿರಲಿಲ್ಲ.

ನಾನು ಮೊದಲು ಬರೆದ ಪತ್ರ ಬೇರೆ ಇತ್ತು. ಅದರಲ್ಲಿ, ತಾಮ್ರದ ಬಿಂದಿಗೆಯ ನೀರು ಒಳ್ಳೆಯದಲ್ಲವಂತೆ, ಸುಘೋಷನಿಗೆ ಕೊಡಬೇಡ, ಎಳ್ಳು ಕಡಿಮೆ ಮಾಡು ಎಂದಷ್ಟೇ ಬರೆದು ಮುಗಿಸಿದ್ದೆ. ಓದಲು ಅದು ಬಹಳ ಹಿತವಾಗಿತ್ತು. ಇವರಿಗೆ ತೋರಿಸಿದೆ. ಕನ್ನಡಕ ತೆಗೆದು, "ನೀರು ನಿಲ್ಲಿಸಿದ್ರೆ ಸಾಕು ಅಂತ ಡಾಕ್ಟರ್ ನಮ್ಗೆ ಹೇಳಿದ್ರೇನೇ? ಇದನ್ನ ಹರಿದುಬಿಡು. ಫೋನಲ್ಲೂ ಬೇಡ, ಫೋನಲ್ಲಿ ನೀನು ಎಲ್ಲಾ ಚೆನ್ನಾಗಿದೀವಿ ಅಂದ್ಬಿಡ್ತೀಯ" ಎಂದರು. ಹರಿದೆ.

ಅವನಿಗೆ ರಕ್ತ ಪರೀಕ್ಷೆ, ಮೂತ್ರ ಪರೀಕ್ಷೆ ಮಾಡಿಸಬೇಕು, ಕಣ್ಣನ್ನು ಯಂತ್ರದಲ್ಲಿ ನೋಡಿಸಬೇಕು. ಗದಗಿನಲ್ಲಿ ಆಗದಿದ್ದರೆ ಹುಬ್ಬಳ್ಳಿಯಲ್ಲಿ ಆಗುತ್ತದೆ. ಕಾಯಿಲೆ ಇಲ್ಲದಿದ್ದರೆ ನಿನ್ನ ದೇವರಿಗೂ ನನ್ನ ದೇವರಿಗೂ ತುಪ್ಪದ ದೀಪ. ಇದ್ದರೂ, ಕೈ ನಡುಗುವ ಮೊದಲೇ ತಿಳಿದರೆ ಅವನಿಗೆ ಎಂದೂ ನಡುಗದ ಹಾಗೆ ಮಾಡಬಹುದು. ಮಾನ್ಯಾಳ ವಿಷಯದಲ್ಲಿ ಆ ಹೊತ್ತು ಕಳೆದುಹೋಯಿತು. ಅವನ ಕಾಗೆ ಕಾಲು ಬರೀ ಹುಡುಗರ ಸೋಮಾರಿತನ ಇರಬಹುದು. ಇರಲಿ ಎಂದೇ ಬೇಡಿಕೊಳ್ಳುತ್ತೇನೆ. ಆದರೆ ಪರೀಕ್ಷೆ ಮುಗಿಯಲಿ, ರಜೆ ಬರಲಿ ಎಂದು ಕಾಯಬೇಡ. ಏಕೆ ಈ ಪರೀಕ್ಷೆ ಎಂದು ಅವನು ಕೇಳಿಯೇ ಕೇಳುತ್ತಾನೆ, ನಿನ್ನ ಮಗ ಜಾಣ. ಆಗ ಸುಳ್ಳು ಹೇಳಲಾಗುವುದಿಲ್ಲ. ಯಾವ ಮಾತಿನಲ್ಲಿ ಹೇಳುತ್ತೀಯೋ ಅದು ನಿನಗೆ ಸೇರಿದ್ದು. ನಾನು ಅವನನ್ನು ಹಿಂದಕ್ಕೆ ಕೇಳುತ್ತಿಲ್ಲ ಅಕ್ಕ. ಅವನ ಆರೋಗ್ಯವನ್ನು ಕೇಳುತ್ತಿದ್ದೇನೆ.

ಇಲ್ಲಿ ಮಧ್ಯಾಹ್ನಗಳು ಉದ್ದವಾಗಿವೆ. ಫ್ಯಾನಿನ ಸದ್ದಿನಲ್ಲಿ ಓದುತ್ತಾ ಕೂತವಳು ಎಲ್ಲಿಗೋ ಹೋಗಿಬಿಡುತ್ತೇನೆ. ನಿನ್ನೆ ಕಣ್ಣು ಮುಚ್ಚದೆಯೇ ಕನಸು ಬಿತ್ತು. ಅದೇ ಬೀಚು, ಅದೇ ಗೆರೆಯಿಲ್ಲದ ಸಮುದ್ರ. ಮುಂದೆ ಇಬ್ಬರು ನಡೆದುಹೋಗುತ್ತಿದ್ದರು, ಒಬ್ಬರ ಹೆಗಲಿಗೆ ಇನ್ನೊಬ್ಬರು ತಾಗುವಷ್ಟು ಹತ್ತಿರ. ನೀನು ನನ್ನ ಪಕ್ಕದಲ್ಲಿದ್ದೆ. ಚಪ್ಪಲಿ ಕೈಯಲ್ಲಿ ಹಿಡಿದಿದ್ದೆ. ಯಾರೂ ಯಾರನ್ನೂ ಕರೆಯಲಿಲ್ಲ. ಎಚ್ಚರಾದಾಗ ಪುಸ್ತಕದಲ್ಲಿ ಅದೇ ಪುಟ ಇತ್ತು. ಒಳಗೆ ಹೋಗಿ ಮಾನ್ಯಾಳನ್ನು ನೋಡಿದೆ. ನಿದ್ದೆಯಲ್ಲಿ ಅವಳ ಕೈ ನಡುಗುವುದಿಲ್ಲ. ಮೊದಲಿನ ಹಾಗೆಯೇ, ಸುಮ್ಮನೆ, ದಿಂಬಿನ ಮೇಲೆ ಬಿದ್ದಿರುತ್ತದೆ. ಅದನ್ನು ನೋಡಲೆಂದೇ ನಾನು ಹಗಲಲ್ಲಿ ಮನೆಯಲ್ಲಿರುತ್ತೇನೆ ಎಂದು ಈಗ ಅನ್ನಿಸುತ್ತಿದೆ.

ಭಾವನವರು ಈ ಪತ್ರ ಓದಿದರೆ ಓದಲಿ. ಸುಘೋಷನಿಗೆ ನನ್ನ ಆಶೀರ್ವಾದ. ಅವನು ಚೆನ್ನಾಗಿ ಉಣ್ಣಲಿ, ನಗುತ್ತಿರಲಿ, ಅವನ ಆಯುಸ್ಸು ದೊಡ್ಡದಾಗಲಿ. ನಿನಗೆ ಇದನ್ನು ಓದುವ ಧೈರ್ಯ ಬರಲಿ.

ನಿನ್ನ ತಂಗಿ,
ನೀರಜಾ

ಮರೆತು ಬಿಟ್ಟದ್ದಲ್ಲ, ಬರೆಯದೆ ಇಟ್ಟುಕೊಂಡದ್ದು ಒಂದಿದೆ. ಮೊದಲ ದಿನವೇ ಡಾಕ್ಟರ್ ತಮಿಳಿನಲ್ಲಿ ಕೇಳಿದರು, ಒಬ್ಬಳೇ ಮಗಳಾ ಎಂದು, "ಒರೇ ಪೊಣ್ಣಾ?" ನಾನು "ಆಮಾ, ಒರೇ ಪೊಣ್ಣು" ಎಂದೆ. ಯೋಚಿಸಿ ಹೇಳಿದ್ದಲ್ಲ. ರೈಲಿನಲ್ಲಿ ಎದುರು ಕೂತವರಿಗೆ, ಹೊಸದಾಗಿ ಬಂದ ಪಕ್ಕದ ಮನೆಯವರಿಗೆ ಇಷ್ಟು ವರ್ಷ ಕೊಟ್ಟು ಕೊಟ್ಟು ನಾಲಿಗೆಗೆ ಹತ್ತಿದ ಉತ್ತರ. ಡಾಕ್ಟರು, ಹಾಗಾದರೆ ಇನ್ನೊಂದು ಮಗುವಿನ ಚಿಂತೆ ಇಲ್ಲ, ಒಳ್ಳೆಯದಾಯಿತು ಎಂದು ಬರೆದುಕೊಂಡರು. ಇವರು ನೆಲ ನೋಡುತ್ತಿದ್ದರು.  ಆಟೋದಲ್ಲಿ, ಸಿಗ್ನಲಿನಲ್ಲಿ ನಿಂತಾಗ ಮಾನ್ಯಾ ಕೇಳಿದಳು: "ಅಮ್ಮಾ, ನನಗಿಂತ ಮೊದಲು ಅವನಿಗೆ ಕಾಣಿಸ್ಕೊಂಡಿದ್ರೆ, ದೊಡ್ಡಮ್ಮಾನೂ ಡಾಕ್ಟರ್ ಹತ್ರ ಒಬ್ಬನೇ ಮಗ ಅಂತಾನೇ ಹೇಳಿರೋರು. ಆಗ ನನಗೆ ಯಾರು ಬಂದು ಹೇಳ್ತಿದ್ರು?"



ಶುಕ್ರವಾರ ಮತ್ತೆ ಆ ಡಾಕ್ಟರ ಹತ್ತಿರ ಹೋಗಬೇಕು. ಅಷ್ಟರೊಳಗೆ ನಿನ್ನ ಪತ್ರ ಬರಲಿ, ಬಾರದಿರಲಿ, ಅವರು ಏನನ್ನೂ ಕೇಳುವ ಮೊದಲೇ ಹೇಳುತ್ತೇನೆ: ನನಗೆ ಇಬ್ಬರು ಮಕ್ಕಳು. ಚಿಕ್ಕವನು ಗದಗಿನಲ್ಲಿ, ಅವನ ತಾಯಿಯ ಹತ್ತಿರ ಇದ್ದಾನೆ.