ಎದುರು ಗ್ಯಾಲರಿಯ ಬೀಗರಿಗೆ

ದಹಿಸರ್,
ಮೇ ತಿಂಗಳು, ಸೋಮವಾರ

ಶ್ರೀ ಕಾಶಿನಾಥ ಅವರಿಗೆ ಶಂಕ್ರೆಪ್ಪ ಮಾಡುವ ಶರಣು ಶರಣಾರ್ಥಿ.

ನಿಮ್ಮ ಹೆಸರು ಬರೆದು ಸ್ವಲ್ಪ ಹೊತ್ತು ಪೆನ್ನು ಕೆಳಗಿಟ್ಟೆ. ಇಷ್ಟು ವರ್ಷಗಳಲ್ಲಿ ನಾನು ನಿಮ್ಮನ್ನು ಹೆಸರು ಹಿಡಿದು ಕರೆದವನಲ್ಲ. ನನ್ನ ಕಿಶೋರನಿಗೆ ನಿಮ್ಮ ವೈಶಾಲಿಯನ್ನು ತಂದುಕೊಂಡ ದಿನದಿಂದ ನೀವು ನನಗೆ ಬೀಗರು, ನಾನು ನಿಮಗೆ ಬೀಗ. ಈಗ ಮಕ್ಕಳಿಬ್ಬರೂ ಕೋರ್ಟಿನಲ್ಲಿ ಸಹಿ ಮಾಡಿ ತಮ್ಮ ತಮ್ಮ ದಾರಿ ಹಿಡಿದು ವರ್ಷವಾಯಿತು. ಅವರ ಜೊತೆಗೆ ನಮ್ಮ ಸಂಬಂಧವೂ ರದ್ದಾಯಿತೇ ಎಂದು ಆ ಜಜ್ ಸಾಹೇಬರನ್ನು ಯಾರೂ ಕೇಳಲಿಲ್ಲ. ಫೋನ್ ಮಾಡೋಣವೆಂದರೆ, ನೀವು "ಹಲೋ" ಅಂದ ಕೂಡಲೇ ನಾನು ಏನಾದರೊಂದು ಅಂದು ಕರೆಯಲೇಬೇಕಲ್ಲ. ಅಲ್ಲಿಗೇ ನನ್ನ ನಾಲಿಗೆ ನಿಂತುಬಿಡುತ್ತದೆ. ಅದಕ್ಕೆ ಈ ಕಾಗದ. ನಾನು ನಾಲ್ಕನೇ ಇಯತ್ತೆಗೆ ಶಾಲೆ ಬಿಟ್ಟವನು, ಉಳಿದ ಅಕ್ಷರ ಪೇಪರು ಓದಿ ಕೂಡಿಸಿಕೊಂಡದ್ದು. ತಪ್ಪಿದ್ದರೆ ತಿದ್ದಿ ಓದಿಕೊಳ್ಳಿರಿ.

ನಿನ್ನೆ ಅಂಧೇರಿಯ ಮೈದಾನದಲ್ಲಿ ನಾನು ನಿಮ್ಮನ್ನು ಕಂಡೆ. ಅದನ್ನು ಬರೆಯಲಿಕ್ಕೇ ಕುಳಿತೆ. ಆದರೆ ಹಿಂದಿನದೆಲ್ಲ ನುಗ್ಗಿ ಬರುತ್ತಿದೆ, ಅದನ್ನು ಬಾಗಿಲಲ್ಲಿ ನಿಲ್ಲಿಸಿದರೆ ಮುಂದಿನದು ಬರೆಯಲಾಗುವುದಿಲ್ಲ.

ನಮ್ಮಿಬ್ಬರ ಮೊದಲ ಮ್ಯಾಚು ನಿಮಗೆ ನೆನಪಿದೆಯಲ್ಲ? ಮದುವೆಯಾದ ಹೊಸತು. ನೀವು ಸಯನ್‌ನಿಂದ ನಮ್ಮಲ್ಲಿಗೆ ಊಟಕ್ಕೆ ಬಂದಿದ್ದಿರಿ. ಮಕ್ಕಳಿಬ್ಬರೂ ಫುಟ್‌ಬಾಲ್ ಹುಚ್ಚಿನವರು, ಟಿಕೀಟು ತೆಗೆಸಿಟ್ಟಿದ್ದರು. ವೈಶಾಲಿ ನಮ್ಮಿಬ್ಬರನ್ನೂ ನೋಡಿ, "ಮನ್ಯಾಗ ಕುಂತು ಒಬ್ಬರ ಮಾರಿ ಒಬ್ಬರು ನೋಡೂದ್ಕಿಂತ ನಡೀರಿ, ಇಬ್ಬರೂ ಬರ್ರಿ" ಅಂದಳು. ಮೆಟ್ಟಿಲು ಹತ್ತಿ ಕುರ್ಚಿಯ ಹತ್ತಿರ ಹೋದೆವು. "ನೀವು ಕೂಡ್ರಿ ಬೀಗರ" ಅಂದಿರಿ. ಗಂಡಿನ ತಂದೆ ಅಂತ ನಾನು ಮೊದಲು ಕೂತರೆ ಸೊಕ್ಕು ಅನ್ನಿಸೀತು, "ಇಲ್ರಿ ಇಲ್ಲ, ಹಿರಿಯರು ನೀವು, ನೀವು ಮೊದ್ಲ ಕೂಡ್ರಿ" ಅಂದೆ. "ಛೇ, ಹಂಗ ಹ್ಯಾಂಗಾಗತೈತ್ರಿ?" ಅಂದಿರಿ. ಆಟ ಶುರುವಾಗಿತ್ತು, ನಾವಿಬ್ಬರೂ ಅಡ್ಡ ನಿಂತಿದ್ದೆವು. ಹಿಂದಿನಿಂದ "ಚಾಚಾ, ಬೈಠ್ ಜಾವೋ ನಾ! ಬಾಲ್ ನಹೀ ದಿಖ್ ರಹಾ!" ಎಂದು ಇಡೀ ಸಾಲು ಕೂಗಿತು. ಕಿಶೋರ ಇಬ್ಬರ ಹೆಗಲನ್ನೂ ಒಂದೇ ಸಲ ಅದುಮಿ ಕೂಡ್ರಿಸಿದ.

ಆಮೇಲಿನದು ಇನ್ನೂ ಚಂದ. ಗೋವೆಯಿಂದ ಬಂದ ತಂಡದವನೊಬ್ಬ ನಮ್ಮ ಕಡೆ ಚೆಂಡು ತಂದಾಗ ನಾನು ಮೊಣಕಾಲು ಹಿಡಿಯಿತೆಂದು ಮುಂದೆ ಬಾಗಿದೆ. ಬೀಗರಿಗೆ ಈ ತಂಡದ ಮೇಲೆ ಜೀವ ಎಂದುಕೊಂಡು ನೀವು ಚಪ್ಪಾಳೆ ಹೊಡೆದಿರಿ. ನೀವು ಹೊಡೆದಿರೆಂದು ನಾನೂ ಹೊಡೆದೆ. ಮುಗಿಯುವವರೆಗೆ, ಸುತ್ತ ಎಲ್ಲರೂ ಮುಂಬಯಿಯ ತಿಳಿನೀಲಿ ಅಂಗಿ ತೊಟ್ಟು ಕೂಗುತ್ತಿರುವಾಗ, ನಾವಿಬ್ಬರು ಮುದುಕರು ಮಾತ್ರ ಒಬ್ಬರ ಮರ್ಯಾದೆಗೆ ಒಬ್ಬರು ಗೋವೆಯವರಿಗೆ ಚಪ್ಪಾಳೆ ಹೊಡೆದದ್ದೇ ಹೊಡೆದದ್ದು. ಹಿಂದಿನವನು "ಚಾಚಾ, ಗೋವಾ ಸೇ ಆಯೇ ಹೋ ಕ್ಯಾ?" ಎಂದರೆ ನೀವು ಗಂಭೀರವಾಗಿ "ನಹೀ ಭಾಯ್, ಸಯನ್ ಸೇ" ಅಂದಿರಿ. ವೈಶಾಲಿ ಓಢಣಿಯಲ್ಲಿ ಮುಖ ಮುಚ್ಚಿಕೊಂಡಿದ್ದಳು. ಹೊರಗೆ ಬಂದ ಮೇಲೆ ನಾನು "ನಿಮ್ಮವರು ಸೋತ್ರಲ್ರಿ, ಮನಸಿಗೆ ಹಚ್ಕೋಬ್ಯಾಡ್ರಿ" ಅಂದೆ. ನೀವು ರಸ್ತೆಯ ನಡುವೆ ನಿಂತುಬಿಟ್ಟಿರಿ. "ನನ್ನವರಾ? ನಿಮ್ಮವರಲ್ಲೇನ್ರಿ ಅವರು?"

ಅವತ್ತು ನಕ್ಕಷ್ಟು ನಾನು ಮುಂಬಯಿಗೆ ಬಂದ ಮೇಲೆ ಎಂದೂ ನಕ್ಕಿರಲಿಲ್ಲ. ಮಲಾಡಿನ ಬಟ್ಟೆ ಅಂಗಡಿಯಲ್ಲಿ ಒಂದು ಆಯುಷ್ಯ ಗಿರಾಕಿಗಳಿಗಾಗಿ ನಕ್ಕವನು, ಅದನ್ನು ಲೆಕ್ಕಕ್ಕೆ ಹಿಡಿಯುವುದಿಲ್ಲ.

ಮುಂದೆ ಮಕ್ಕಳಿಗೆ ಬಿಡುವು ಕಡಿಮೆಯಾಯಿತು, ನಮಗೆ ಚಟ ಹತ್ತಿತು. ನೀವು ಸಯನ್‌ನಿಂದ, ನಾನು ದಹಿಸರ್‌ನಿಂದ, ಅಂಧೇರಿ ಸ್ಟೇಷನ್ನಿನ ಸೇತುವೆಯ ಕೆಳಗೆ ಕೂಡಿಕೊಂಡು ಹೋಗುವುದು. ಒಳಗೆ ಡಬ್ಬಿ ಬಿಡುವುದಿಲ್ಲವೆಂದು ಗೇಟಿನ ಹೊರಗೇ ಮರದ ನೆರಳಲ್ಲಿ ನಿಂತು ನಿಮ್ಮ ಮನೆಯವರು, ತಂಗಿ ಬಸಲಿಂಗವ್ವ, ಕಟ್ಟಿಕೊಟ್ಟ ಕಡಕ್ ರೊಟ್ಟಿ, ಶೇಂಗಾ ಹಿಂಡಿ ತಿನ್ನುವುದು. ಅದಕ್ಕೆ ನೀವು ಇಟ್ಟ ಹೆಸರು ಫುಟ್‌ಪಾತ್ ಬೀಗರೂಟ. ಪೊಲೀಸಪ್ಪನಿಗೂ ಒಂದು ರೊಟ್ಟಿ ಮುರಿದು ಕೊಟ್ಟಿರಿ ಒಮ್ಮೆ. ಆಫ್‌ಸೈಡ್ ಅಂದರೇನು ಎಂದು ಕಿಶೋರ ನನಗೆ ಮೊಬೈಲಿನಲ್ಲಿ ಚಿತ್ರ ತೋರಿಸಿ ಹೇಳಿದರೂ ತಲೆಗೆ ಹೋಗಿರಲಿಲ್ಲ. ನೀವು ಒಂದೇ ಮಾತಿನಲ್ಲಿ ಮುಗಿಸಿದಿರಿ: "ಕರಿಯೂಕಿಂತ ಮೊದ್ಲ ಪಂಕ್ತಿಯೊಳಗ ಹೋಗಿ ಕುಂತಂಗ್ರಿ ಬೀಗರ. ಆಮ್ಯಾಲೆ ಎಲಿ ಮುಂದಿಂದ ಎಬ್ಬಿಸಿ ಕಳಸ್ತಾರ."

ಮಕ್ಕಳ ನಡುವೆ ಏನು ಕೆಟ್ಟಿತೋ ನನಗೆ ಇಂದಿಗೂ ಪೂರಾ ಗೊತ್ತಿಲ್ಲ. ನಿಮಗೂ ಗೊತ್ತಿಲ್ಲವೆಂದು ಕಾಣುತ್ತದೆ. ಹೊಡೆದಾಟವಿಲ್ಲ, ಬೈದಾಟವಿಲ್ಲ, ಮಾತು ಕಡಿಮೆಯಾಗುತ್ತ ಹೋಗಿ ಒಂದು ದಿನ ನಿಂತಿತು. ಯಾರ ತಪ್ಪು ಎಂದು ನಾವಿಬ್ಬರೂ ಒಮ್ಮೆಯೂ ಮಾತಾಡಲಿಲ್ಲ, ಅದು ನಮ್ಮ ದೊಡ್ಡಸ್ತಿಕೆ. ಬಾಂದ್ರಾದ ಕೋರ್ಟಿನ ವರಾಂಡದಲ್ಲಿ ಕಡೆಯ ದಿನ ನೀವು ಬಂದಾಗ ನಾನು ರೂಢಿಯಂತೆ ಎದ್ದು ನಿಂತೆ. ನೀವು ಟೋಪಿ ಸರಿಮಾಡಿಕೊಂಡು "ಕೂಡ್ರಿ, ಕೂಡ್ರಿ" ಅಂದಿರಿ. ನನ್ನ ಮನೆಯಾಕೆ ದೇವಕ್ಕ ನನ್ನ ತೋಳು ಜಗ್ಗಿದಳು. ನಿಮ್ಮ ಮನೆಯವರೂ ಆ ಕಡೆ ಮುಖ ಮಾಡಿದರು. ಒಂದೇ ಬೆಂಚಿನ ಎರಡು ತುದಿಯಲ್ಲಿ ನಮ್ಮನ್ನು ಕೂಡ್ರಿಸಿದರು, ನಡುವೆ ವಕೀಲರ ಚೀಲಗಳು.

ಅಂದಿನಿಂದ ನಿಮ್ಮ ಮಾತೆತ್ತಿದರೆ ದೇವಕ್ಕ ಸಿಡುಕುತ್ತಾಳೆ. "ಹೆಣ್ಣು ಕೊಟ್ಟಿದ್ರು, ಹೆಣ್ಣು ತಿರುಗಿ ಹೋತು. ಇನ್ನ ಅವರು ನಮಗ ಯಾರು?" ಅವಳದೂ ಸುಳ್ಳಲ್ಲ. ಅವಳಿಗೆ ಸೊಸೆ ಹೋದ ದುಃಖವಿದೆ, ಅದು ಸಿಟ್ಟಾಗಿ ಹೊರಗೆ ಬರುತ್ತದೆ. ನನ್ನದು ಏನೆಂದು ಹೇಳಲಿ? ಬೀಗರು ಹೋದರೆಂದು ಅಳುವ ಪದ್ಧತಿ ನಮ್ಮಲ್ಲಿ ಇಲ್ಲ.

ಈ ಬೇಸಿಗೆ ಒಬ್ಬನೇ ಹೋಗುತ್ತಿದ್ದೇನೆ. ಸಂಜೆಯ ಮ್ಯಾಚು, ಆದರೂ ಕುರ್ಚಿ ಕಾದ ಹೆಂಚು. ಎಷ್ಟು ಸೆಖೆಯೆಂದರೆ ಆಟದ ನಡುವೆಯೇ ನಿಲ್ಲಿಸಿ ಆಟಗಾರರಿಗೆ ನೀರು ಕುಡಿಸುತ್ತಾರೆ. ಗೇಟಿನ ಹೊರಗೆ ಒಂದು ವಡಾಪಾವ್ ತಿಂದು ಒಳಗೆ ಹೋಗುತ್ತೇನೆ. ಒಮ್ಮೆ ನಮ್ಮವರು ಗೋಲು ಹೊಡೆದಾಗ ಪಕ್ಕದಲ್ಲಿದ್ದ ಗಡ್ಡದವನೊಬ್ಬ ನನ್ನನ್ನು ಎತ್ತಿ ಕುಣಿದ. ಆ ಗದ್ದಲ ಇಳಿದ ಮೇಲೆ ಅವನು ಗೆಳೆಯರ ಕಡೆ ತಿರುಗಿದ, ನನ್ನ ಗುರುತೇ ಇಲ್ಲದವನ ಹಾಗೆ. ಅದು ಅವನ ತಪ್ಪೇನಲ್ಲ. ಆದರೆ ಗೋಲು ಹೇಗಾಯಿತು, ಯಾವನು ಯಾವನಿಗೆ ಚೆಂಡು ಕೊಟ್ಟ, ಅದನ್ನು ಯಾರಿಗಾದರೂ ಹೇಳಬೇಕಲ್ಲ? ಎಡಗಡೆ ತಿರುಗುತ್ತೇನೆ, ಅಲ್ಲಿ ಯಾರೋ ಫೋನ್ ನೋಡುತ್ತಿರುತ್ತಾರೆ. ಬಂದ ಮಾತನ್ನು ನುಂಗಿಕೊಂಡು ಮನೆಗೆ ಬರುತ್ತೇನೆ. ಮನೆಯಲ್ಲಿ ದೇವಕ್ಕ "ಗೆದ್ರೇನು?" ಎಂದು ಕೇಳುತ್ತಾಳೆ. "ಗೆದ್ರು" ಅನ್ನುತ್ತೇನೆ. ಅಲ್ಲಿಗೆ ಮ್ಯಾಚು ಮುಗಿಯುತ್ತದೆ.

ನಿನ್ನೆ ನೀರು ಕುಡಿಯುವ ಆ ಬಿಡುವಿನಲ್ಲೇ ನೀವು ಕಂಡದ್ದು. ಮೈದಾನದ ಆಚೆ ಬದಿ, ಬಿಸಿಲು ನೇರ ಕಣ್ಣಿಗೆ ಹೊಡೆಯುವ ಗ್ಯಾಲರಿ. ಅಷ್ಟು ನೀಲಿ ಅಂಗಿಗಳ ನಡುವೆ ಒಂದು ಬಿಳಿ ಗಾಂಧಿ ಟೋಪಿ. ಮೊದಲು ನಂಬಲಿಲ್ಲ. ಆಮೇಲೆ ನೀವು ಟೋಪಿ ತೆಗೆದು, ಎರಡು ಸಲ ಝಾಡಿಸಿ, ತಲೆ ಒರೆಸಿಕೊಂಡು ಮತ್ತೆ ಇಟ್ಟುಕೊಂಡಿರಿ. ಹಾಗೆ ಝಾಡಿಸುವವರು ನೀವೊಬ್ಬರೇ. ನಾನು ಯಾವ ಬದಿ ಕೂಡುತ್ತೇನೆಂದು ನಿಮಗೆ ಗೊತ್ತು. ಅದಕ್ಕೇ ಆ ಬದಿ ತೆಗೆದುಕೊಂಡಿರಿ ಎಂದು ಮೊದಲು ನೋವಾಯಿತು. ಮರುಗಳಿಗೆಗೆ, ಬಂದಿದ್ದಾರಲ್ಲ, ಆಟ ಬಿಟ್ಟಿಲ್ಲವಲ್ಲ ಎಂದು ಸಮಾಧಾನವಾಯಿತು. ನಿಮ್ಮ ಪಕ್ಕದ ಕುರ್ಚಿ ಖಾಲಿ ಇತ್ತೋ ತುಂಬಿತ್ತೋ ಅಷ್ಟು ದೂರಕ್ಕೆ ಕಾಣಲಿಲ್ಲ. ಖಾಲಿ ಇರಲಿ ಎಂದು ಆಸೆಪಟ್ಟೆ. ಹಾಗೆ ಆಸೆಪಟ್ಟದ್ದಕ್ಕೆ ನಾಚಿಕೆಯೂ ಆಯಿತು.

ಅರ್ಧ ಆಟ ಮುಗಿದಾಗ ಎದ್ದು ಹೊರಟೆ. ಗ್ಯಾಲರಿಯ ಹಿಂದಿನಿಂದ ಸುತ್ತುಹಾಕಿ ನಿಮ್ಮ ಬದಿಯ ಬಾಗಿಲವರೆಗೂ ಬಂದಿದ್ದೆ. ಕಾವಲಿನವನು ನನ್ನ ಟಿಕೀಟು ನೋಡಿ, "ಅಂಕಲ್, ಆಪ್ಕಾ ಸ್ಟ್ಯಾಂಡ್ ಉಸ್ ತರಫ್ ಹೈ" ಎಂದು ಆಚೆ ಬದಿಗೆ ಕೈ ತೋರಿಸಿದ. ಒಳಗೆ ನಮ್ಮವರೊಬ್ಬರು ಇದ್ದಾರೆ, ಒಂದು ನಿಮಿಷ ಮಾತಾಡಿಸಿ ಬರುತ್ತೇನೆ ಎಂದೆ. ಅವನು ಕೆಟ್ಟವನಲ್ಲ, ಬಿಡುವ ಮನಸ್ಸಿನಿಂದಲೇ ಕೇಳಿದ: "ಕೌನ್ ಲಗತೇ ಹೈ ಆಪ್ಕೇ?"

ನಿಮಗೆ ಅವರು ಏನಾಗಬೇಕು, ಇಷ್ಟೇ ಪ್ರಶ್ನೆ. ಬೀಗರು ಅಂದರೆ ಕಾಗದದ ಪ್ರಕಾರ ಸುಳ್ಳು. ದೋಸ್ತ್ ಅನ್ನಲು ಬಾಯಿ ಬರಲಿಲ್ಲ. ದೋಸ್ತ್ ಅಂದರೆ ಹೆಗಲ ಮೇಲೆ ಕೈ ಹಾಕಿದವನು. ನಾವು ಒಬ್ಬರನ್ನೊಬ್ಬರು ನೋಡಿದರೆ ಎದ್ದು ನಿಲ್ಲುವವರು. ಊರಿನವರು ಎನ್ನೋಣವೆಂದರೆ ನೀವು ಬೆಳಗಾವಿ, ನಾನು ವಿಜಯಪುರ. ನನ್ನ ಹಿಂದೆ ಜನ ನೂಕುತ್ತಿದ್ದರು. "ಕೋಯೀ ನಹೀ, ಜಾನೇ ದೋ" ಅಂದುಬಿಟ್ಟೆ. ಯಾರೂ ಅಲ್ಲ, ಬಿಡಪ್ಪಾ. ಹಾಗೆಂದು ತಿರುಗಿ ನನ್ನ ಕುರ್ಚಿಗೆ ಬಂದೆ. ಉಳಿದ ಆಟ ಕಣ್ಣಿಗೆ ಕಂಡಿತು, ತಲೆಗೆ ಹೋಗಲಿಲ್ಲ. ನೋಡಿದಾಗಲೆಲ್ಲ ನಿಮ್ಮ ಟೋಪಿ ನಮ್ಮ ಬದಿಗೇ ತಿರುಗಿದ ಹಾಗೆ ಅನ್ನಿಸುತ್ತಿತ್ತು. ಮುಗಿದ ಮೇಲೆ ಗೇಟಿನಲ್ಲಿ ನಿಂತೆ. ಆ ಜಾತ್ರೆಯಲ್ಲಿ ನೀವು ಯಾವ ಬಾಗಿಲಿಂದ ಹೋದಿರೋ ತಿಳಿಯಲಿಲ್ಲ.

ಇನ್ನೊಂದು ಸಂಗತಿಯನ್ನು ಬೇರೆಯವರ ಬಾಯಿಂದ ಕೇಳುವುದಕ್ಕಿಂತ ನನ್ನಿಂದಲೇ ಕೇಳಿರಿ. ಮುಂದಿನ ತಿಂಗಳು ಕಿಶೋರನ ಮದುವೆ. ಮಲಾಡಿನಲ್ಲಿರುವ ಧಾರವಾಡದ ಕಡೆಯ ಮನೆತನ. ಒಳ್ಳೆಯ ಜನ. ಹುಡುಗಿಯ ತಂದೆ ಮಾತುಕತೆಗೆ ಬಂದಾಗ ನನ್ನನ್ನು "ಬೀಗರ" ಎಂದು ಕರೆದರು. ನಾನು ಹಿಂದೆ ತಿರುಗಿ ಬಾಗಿಲ ಕಡೆ ನೋಡಿದೆ. ಅವರಿಗೆ ಕ್ರಿಕೆಟ್ ಅಂದರೆ ಜೀವವಂತೆ. ಇರಲಿ, ಅದನ್ನೂ ನೋಡಿದರಾಯಿತು. ನಿಮ್ಮನ್ನು ಮದುವೆಗೆ ಕರೆಯುವ ಹಾಗಿಲ್ಲ, ಕರೆದರೂ ನೀವು ಬರುವ ಹಾಗಿಲ್ಲ. ಅಷ್ಟು ತಿಳಿವಳಿಕೆ ಇಬ್ಬರಿಗೂ ಇದೆ.

ಆದರೆ ಬರುವ ಭಾನುವಾರದ್ದು ಈ ಬೇಸಿಗೆಯ ಕಡೆಯ ಮ್ಯಾಚು. ಇವತ್ತು ಬೆಳಿಗ್ಗೆ ಕಿಶೋರನಿಗೆ ಎರಡು ಟಿಕೀಟು ತೆಗೆಯಲು ಹೇಳಿದೆ. ಇನ್ನೊಂದು ಯಾರಿಗೆ ಎಂದ. ಹೇಳಿಬಿಟ್ಟೆ. ನಿನ್ನೆ ನೀವು ಆ ಬಿಸಿಲಿನ ಬದಿ ಕೂತದ್ದನ್ನೂ ಹೇಳಿದೆ. ಒಳಗೆ ದೇವಕ್ಕನ ಪಾತ್ರೆಯ ಸದ್ದು ನಿಂತಿತು. ಕಿಶೋರ ಫೋನಿನ ಮೇಲೆ ಬೆರಳಾಡಿಸತೊಡಗಿದ. ಬಯ್ಯುತ್ತಾನೇನೋ ಎಂದುಕೊಂಡೆ. ಆಮೇಲೆ ತಲೆ ಎತ್ತದೆ, "ಅವ್ರಿಗೆ ಬಿಸಲಾಗ ತಲಿ ನೋಯತೈತಿ ಅಪ್ಪಾ. ನೆರಳಿನ ಕಡೆ ತಗೋತೀನಿ, ಮೆಟ್ಟಲಾ ಹೆಚ್ಚು ಹತ್ತೂದಿರಬಾರದು" ಅಂದ. ಒಳಗೆ ಪಾತ್ರೆಯ ಸದ್ದು ಮೆಲ್ಲಗೆ ಮತ್ತೆ ಶುರುವಾಯಿತು. ನನ್ನ ಮನೆಯಲ್ಲಿ ನಿಮಗಾಗಿ ಮರುಗುವವನು ನಾನೊಬ್ಬನೇ ಎಂದುಕೊಂಡಿದ್ದೆ. ಅಲ್ಲವೆಂದು ಗೊತ್ತಾಯಿತು.

ಫೋನಿನಲ್ಲಿ ಬಂದ ಟಿಕೀಟನ್ನು ಝೆರಾಕ್ಸ್ ಅಂಗಡಿಯಲ್ಲಿ ಕಾಗದದ ಮೇಲೆ ತೆಗೆಸಿ ಇದರೊಳಗೆ ಇಟ್ಟಿದ್ದೇನೆ. ಗೇಟಿನಲ್ಲಿ ಸ್ಕ್ಯಾನ್ ಮಾಡುವ ಆ ಕಪ್ಪು ಚೌಕದ ಮೇಲೆ ಮಡಿಕೆ ಬೀಳಬಾರದಂತೆ, ಹಾಗೇ ಮಡಿಚಿದ್ದೇನೆ. ಮನೆಯಲ್ಲಿ ಬಸಲಿಂಗವ್ವನ ಮನಸ್ಸು ಹೇಗಿದೆಯೋ ನನಗೆ ಗೊತ್ತಿಲ್ಲ. ನಿಮ್ಮ ಮನಸ್ಸೂ ಗೊತ್ತಿಲ್ಲ. ನೀವು ಬಾರದಿದ್ದರೆ ಬೇಜಾರು ಮಾಡಿಕೊಳ್ಳುವುದಿಲ್ಲ ಎಂದು ಬರೆಯಲು ಹೊರಟಿದ್ದೆ. ಅದು ಬಾಯಿಮಾತಾಗುತ್ತದೆ. ಬಾರದಿದ್ದರೆ ನನಗೆ ಬಹಳ ಬೇಜಾರಾಗುತ್ತದೆ. ಬನ್ನಿರಿ.

ವೈಶಾಲಿಗೆ ನನ್ನ ಆಶೀರ್ವಾದ. ಅವಳು ಎಲ್ಲಿದ್ದರೂ ನಗುನಗುತ್ತ ಇರಲಿ. ಇದನ್ನು ಅವಳಿಗೆ ಹೇಳುವುದೋ ಬಿಡುವುದೋ ನಿಮಗೆ ಬಿಟ್ಟದ್ದು, ಹಾರೈಸುವುದು ಮಾತ್ರ ನನ್ನಿಂದ ತಪ್ಪುವುದಿಲ್ಲ. ಬಿಸಿಲು ಬಹಳ, ನೀರು ಕುಡಿಯುತ್ತಿರಿ, ಮೈ ಜೋಪಾನ.

ನಿಮ್ಮ ದಾರಿ ನೋಡುವ,
ಶಂಕ್ರೆಪ್ಪ