ಬಯಲಪೀರನ ಅಂಕಿತ

ಡಾಬಕಾ
ಕಾರ್ತಿಕ ಮಾಸ, ರವಿವಾರ, ೧೯೫೧

ಮನೆಯವರಿಗೆ ಶರಣು.

ಪ್ರತಿ ಸಲ ಶರಣು ಶರಣಾರ್ಥಿ ಎಂದು ಪೂರ್ತಿ ಬರೆಯುತ್ತಿದ್ದೆ. ಈ ಸಲ ಒಂದು ಶರಣಿಗೇ ಕೈ ನಿಂತಿತು. ನಿಮ್ಮ ಅವ್ವನವರ ಕೆಮ್ಮು ಇಳಿದಿದೆ, ಎಮ್ಮೆ ಈದಿದೆ, ಹೊಲದಲ್ಲಿ ಜೋಳ ಸೊಗಸಾಗಿ ನಿಂತಿದೆ. ಮನೆಯ ಸುದ್ದಿ ಇಷ್ಟೇ. ಇನ್ನು ನಿಮ್ಮ ಪುಸ್ತಕದ ಸುದ್ದಿ.

ನಿಮ್ಮ ಪುಸ್ತಕ ಎಂದೆನಲ್ಲ, ತಪ್ಪಾಯಿತು. ಅದು ನನ್ನದಂತೆ. ‘ಬಯಲ ಪದಗಳು, ರಚಿಸಿದವರು: ಶರಣೆ ವಿಮಲಾಬಾಯಿ ಶಿವರಾಜಪ್ಪ’ ಎಂದು ರಟ್ಟಿನ ಮೇಲೆ ದಪ್ಪಕ್ಷರದಲ್ಲಿ ಇದೆ. ಬೀದರಿನ ಪೇಟೆಗೆ ಹೋಗಿದ್ದ ಅರಿವೆ ಅಂಗಡಿಯ ಕಾಶೀರಾಮ, ನೀವು ಕೊಟ್ಟು ಕಳಿಸಿದ್ದನ್ನು ನಿನ್ನೆ ತಂದುಕೊಟ್ಟ. ನನ್ನ ಕೈಗೆ ಕೊಡುವ ಮೊದಲೇ ಕಟ್ಟೆಯ ಮೇಲೆ ಕೂತು ಊರಿಗೆಲ್ಲ ಓದಿ ಹೇಳಿದ್ದ. ಬಾಗಿಲಲ್ಲಿ ನಿಂತು ಹಲ್ಲು ಕಿರಿದು, “ಬಾಬುಮಿಯಾನ ಪದಾ ಎಲ್ಲಾ ನೀವು ಕಟ್ಟಿದ್ವೇನ್ರಿ ಅಕ್ಕಾರ? ನಮಗ ಗೊತ್ತೇ ಇದ್ದಿಲ್ಲ ನೋಡ್ರಿ” ಎಂದ. ನಾನು ಏನೂ ತಿಳಿಯದೆ ಅವನನ್ನೇ ಗದರಿಸಿ ಕಳಿಸಿದೆ. ಆಮೇಲೆ ಪುಸ್ತಕ ತೆರೆದೆ.

ಬೀದರಿನಲ್ಲಿ, ಚಿದ್ರಿಯ ಕೋಣೆಯಲ್ಲಿ ಕೂತ ಮಾಸ್ತರರಿಗೆ ಮರೆತು ಹೋಗಿರಬಹುದು, ನಾನೇ ನೆನಪು ಮಾಡಿಕೊಡುತ್ತೇನೆ. ಬಾಬುಮಿಯಾ ನಮ್ಮ ಊರಿನ ಪಿಂಜಾರ. ಹೆಗಲ ಮೇಲೆ ದೊಡ್ಡ ಬಿಲ್ಲು ಹೊತ್ತು ಡಾಬಕಾದಿಂದ ಔರಾದದವರೆಗೆ ಮನೆಮನೆಯ ಗಾದಿಯ ಅರಳೆ ಹಿಂಜುತ್ತಿದ್ದ. ಬಿಲ್ಲಿನ ತಂತಿ ಠಣ್ ಠಣ್ ಎಂದಂತೆ ಅದೇ ತಾಳಕ್ಕೆ ಬಾಯಲ್ಲಿ ಕನ್ನಡ ಪದ ಹುಟ್ಟುತ್ತಿತ್ತು. ಖಾಜಿಯವರು, ನಮಾಜು ಬಿಟ್ಟು ಇದೇನು ಹುಚ್ಚು ಎಂದು ಬೈದರು. ನಮ್ಮ ಊರಿನ ಮಠದ ಅಯ್ಯನವರು, ಪಿಂಜಾರನ ಬಾಯಲ್ಲಿ ಶರಣರ ಮಾತೇ ಎಂದು ಮುಖ ಸಿಂಡರಿಸಿದರು. ಇಬ್ಬರಿಗೂ ಅವನ ಜವಾಬು ಒಂದೇ ಪದ. ನಿಮಗೆ ಅದು ಬಾಯಿಪಾಠ ಇತ್ತು:

ಗುಡಿಗೆ ಕದವುಂಟು, ಮಸೀದಿಗೆ ಗೋಡೆಯುಂಟು,
ಹಿಂಜಿದ ಅರಳೆಗೆ ಯಾವ ಕುಲ, ಹೇಳೋ ಬಯಲಪೀರ.

ಬಯಲಪೀರ ಅವನ ಅಂಕಿತ. ಶರಣರು ವಚನದ ಕೊನೆಗೆ ತಮ್ಮ ದೇವರ ಹೆಸರಿಟ್ಟು ಮುಗಿಸುವಂತೆ ಅವನು ತನ್ನ ದೇವರಿಗೆ ತಾನೇ ಹೆಸರು ಇಟ್ಟುಕೊಂಡಿದ್ದ. ನಮ್ಮವರ ಬಯಲೂ ಅದರಲ್ಲಿತ್ತು, ಅವರ ಪೀರನೂ ಇದ್ದ.

ನಿಜಾಮನ ಕಡೆಯ ರಜಾಕಾರರು ಬಂದಾಗ, ನೀನು ನಮ್ಮವನಾಗಿ ಇವರ ಪದ ಹಾಡುತ್ತೀಯಾ ಎಂದು ಅವನ ಬಿಲ್ಲು ಮುರಿದು ಹಾಕಿದರು. ಹಿಂದೂಸ್ತಾನದ ಫೌಜು ಬಂದು ಪೋಲೀಸ್ ಆ್ಯಕ್ಷನ್ ಆಗಿ ಅವರು ಓಡಿದರು. ಇನ್ನು ಭಯವಿಲ್ಲ ಎಂದುಕೊಂಡೆವು. ಆಗ ಬೇರೆ ಊರಿನ ಕೆಲವರು ಬಂದು, ನೀನು ಅವರವನು ಎಂದು ಬಾಬುಮಿಯಾನನ್ನು ಎಳೆದುಕೊಂಡು ಹೋದರು. ತಿರುಗಿ ಬರಲಿಲ್ಲ. ಮಣ್ಣು ಮಾಡಲು ಮೈಯೂ ಸಿಗಲಿಲ್ಲ. ವಜೀರಬೀಗೆ ಗಂಡನದು ಎಂದು ಉಳಿದದ್ದು ಆ ಪದಗಳು, ಪದಗಳ ಕೊನೆಯ ಆ ಒಂದು ಹೆಸರು.

ಅವಳು ಹೇಳಿದಳು, ನಾನು ಹಾಡಿದೆ, ನೀವು ಬರೆದುಕೊಂಡಿರಿ. ಒಂದೇ ಮಾತು ಕೇಳಿದ್ದೆ, ಅಂಕಿತ ಮುಟ್ಟಬೇಡಿರಿ ಎಂದು. ನೀವು ಲಿಂಗಪೂಜೆಗೆ ಕೂತಿದ್ದಿರಿ. ಎಡಗೈಯಲ್ಲಿ ಇಷ್ಟಲಿಂಗ ಇತ್ತು. ಬಲಗೈಯನ್ನು ಅದರ ಮೇಲಿಟ್ಟು, “ಲಿಂಗದಾಣಿ ವಿಮಲಾ, ಒಂದ ಅಕ್ಷರ ಮುಟ್ಟಂಗಿಲ್ಲ” ಎಂದಿರಿ. ನಾನು ಕೇಳಿದ್ದು ಮಾತು, ನೀವಾಗಿಯೇ ಆಣೆ ಇಟ್ಟಿರಿ. ಆ ಆಣೆ ಕೇಳಿ ವಜೀರಬೀ ಕಣ್ಣೀರು ಹಾಕಿದಳು. ನಿಮ್ಮಂಥ ಗಂಡ ನನಗೆ ಸಿಕ್ಕನಲ್ಲ ಎಂದು ನಾನು ಹಿಗ್ಗಿದೆ.

ಈಗ ಪುಸ್ತಕದಲ್ಲಿ ಪ್ರತಿ ಪದದ ಕೊನೆಗೆ ‘ಬಯಲಬಸವ’ ಬಂದು ಕೂತಿದ್ದಾನೆ. ಬಸವಣ್ಣನ ಹೆಸರು ಕಂಡರೆ ನನ್ನ ಕೈ ತಾನಾಗಿ ಮುಗಿಯುತ್ತದೆ. ಜನ್ಮದಲ್ಲಿ ಮೊದಲ ಸಲ ಆ ಹೆಸರು ಓದಿ ನನ್ನ ಹೊಟ್ಟೆ ಉರಿಯಿತು. ಆ ಪಾಪವನ್ನೂ ನನ್ನ ಮೇಲೆ ಹೊರಿಸಿದಿರಿ. ಮಸೀದಿಯ ಗೋಡೆಯನ್ನು ಇದ್ದ ಹಾಗೆಯೇ ಇಟ್ಟು ಗುಡಿಯ ಕದ ಮಾತ್ರ ತೆಗೆದು ಹಾಕಿದ್ದೀರಿ. ಅಯ್ಯನವರ ಪಾದಪೂಜೆಯನ್ನು ಕೆಣಕಿದ ಪದವಂತೂ ಇಡೀ ಪುಸ್ತಕದಲ್ಲಿ ಎಲ್ಲೂ ಇಲ್ಲ. ಮುನ್ನುಡಿಯಲ್ಲಿ ಮಾತ್ರ, ಶರಣರು ಕುಲವನ್ನು ಧಿಕ್ಕರಿಸಿದರು, ಆ ಧಿಕ್ಕಾರದಿಂದಲೇ ಕನ್ನಡಕ್ಕೆ ಹೊಸ ಮಾತು ಬಂತು ಎಂದು ಎಷ್ಟು ಚಂದ ಬರೆದಿದ್ದೀರಿ! ಆ ಪುಟ ಓದುವಾಗ ನಗು ಬಂತು, ಅದರ ಬೆನ್ನಿಗೇ ಅಳು ಬಂತು.

ಪುಸ್ತಕದೊಳಗೆ ನಿಮ್ಮ ಚೀಟಿಯೂ ಇತ್ತು. ಕಾಲ ಸೂಕ್ಷ್ಮವಾಗಿದೆ, ಪೀರ ಎಂಬ ಮಾತಿದ್ದರೆ ಮಠಗಳಲ್ಲಿ ಯಾರೂ ಹಾಡುವುದಿಲ್ಲ, ಅಂಕಿತ ಬರೀ ಒಂದು ಶಬ್ದ, ಭಾವ ಉಳಿದರೆ ಸಾಕು ಎಂದಿದ್ದೀರಿ. ಬರೀ ಶಬ್ದವಾಗಿದ್ದರೆ ತೆಗೆಯುವ ಕಷ್ಟ ಯಾಕೆ ತೆಗೆದುಕೊಂಡಿರಿ? ಚೀಟಿಯಲ್ಲಿ ಇನ್ನೊಂದು ಮಾತು, ಈ ನಾಡಿನಲ್ಲಿ ಮತ್ತೆ ಒಬ್ಬ ಶರಣೆ ಹುಟ್ಟಿದಳೆಂದು ಜನ ಕೊಂಡಾಡುತ್ತಿದ್ದಾರೆ, ಬರುವ ಹುಣ್ಣಿಮೆಗೆ ಬೀದರಿನ ಸಭೆಯಲ್ಲಿ ನಿನಗೆ ಶಾಲು ಹೊದಿಸುತ್ತಾರೆ, ಒಳ್ಳೆಯ ಇಳಕಲ್ ಸೀರೆ ಉಟ್ಟು ಬಾ ಎಂದು. ನಾನು ಬಿಲ್ಲು ಹಿಡಿದವಳೇ? ಅರಳೆ ಹಿಂಜಿದವಳೇ? ಯಾರಾದರೂ ಎದ್ದು ನಿಂತು ಈ ತಾಳ ಎಲ್ಲಿಂದ ಬಂತಮ್ಮ ಎಂದರೆ ನಾನು ಯಾರ ಮುಖ ನೋಡಲಿ?

ನನಗೆ ಸಾಲಿ ಇರಲಿಲ್ಲ. ಊರಿನಲ್ಲಿ ಇದ್ದದ್ದು ಉರ್ದು, ಅದೂ ಗಂಡುಹುಡುಗರಿಗೆ. ಒಲೆಯ ಮುಂದೆ ಬೂದಿ ಹರಡಿ, ನನ್ನ ಬೆರಳು ಹಿಡಿದು ಕನ್ನಡ ಅಕ್ಷರ ತಿದ್ದಿಸಿದವರು ನೀವು. ನಿಮ್ಮ ಅವ್ವನವರು ನಗುತ್ತಿದ್ದರೂ ನೀವು ಬಿಡಲಿಲ್ಲ. ಅದನ್ನು ನಾನು ಮರೆಯುವವಳಲ್ಲ. ನೀವು ಕಲಿಸಿದ ಅಕ್ಷರದಿಂದಲೇ ನಿನ್ನೆ ನಿಮ್ಮ ಸುಳ್ಳನ್ನು ಓದಿದೆ. ಬೇರೆ ಯಾರಾದರೂ ಹೀಗೆ ಮಾಡಿದ್ದರೆ ಶಾಪ ಹಾಕಿ ಸುಮ್ಮನಾಗುತ್ತಿದ್ದೆ. ಬಾಬುಮಿಯಾನನ್ನು ಒಯ್ದವರು ಅವನ ಮೈ ಒಯ್ದರು. ಉಳಿದದ್ದನ್ನು ಒಯ್ದವರು ನೀವು, ಅದನ್ನು ತಂದು ನನ್ನ ಮಡಿಲಿಗೆ ತುಂಬಿದಿರಿ. ನನಗೆ ಮೋಸವಾಗಿದೆ, ಮಾಡಿದವರು ನೀವು. ಇದಕ್ಕಿಂತ ಮೆತ್ತಗೆ ಹೇಳಲು ನನಗೆ ಬರುವುದಿಲ್ಲ.

ನಾನು ಹುಣ್ಣಿಮೆಗೆ ಬರುತ್ತೇನೆ. ಶಾಲಿಗಾಗಿ ಅಲ್ಲ. ವಜೀರಬೀಯನ್ನು ಜೊತೆಗೆ ಕರೆತಂದು, ಸಭೆಯಲ್ಲಿ ನನ್ನ ಪಕ್ಕದಲ್ಲಿ ಕೂಡಿಸಿಕೊಂಡು, ಗುಡಿಯ ಕದವನ್ನೂ ಸೇರಿಸಿ ಬಯಲಪೀರನ ಹೆಸರಿನಲ್ಲೇ ಹಾಡುತ್ತೇನೆ. ಅಷ್ಟರೊಳಗೆ ನೀವೇ ಎದ್ದು ನಿಂತು, ಇವು ಡಾಬಕಾದ ಬಾಬುಮಿಯಾನ ಪದಗಳು ಎಂದು ಹೇಳಿದರೆ ನಿಮ್ಮ ಮಾನವೂ ಉಳಿದೀತು, ನಮ್ಮ ಸಂಸಾರವೂ ಉಳಿದೀತು. ಹೇಳದಿದ್ದರೆ ಸಭೆ ಮುಗಿದ ಮೇಲೆ ನಾನು ಚಿದ್ರಿಯ ನಿಮ್ಮ ಕೋಣೆಗೆ ಬರುವುದಿಲ್ಲ, ದಾರಿ ಕಾಯಬೇಡಿರಿ.

ಮೈ ಜೋಪಾನ. ಚಳಿ ಬಿದ್ದಿದೆ, ಹೊದಿಕೆ ಕಳಿಸಿದ್ದೇನೆ.

ಇಂತಿ,
ಒಂದು ಪದವನ್ನೂ ಕಟ್ಟದ
ವಿಮಲಾಬಾಯಿ

ತಾ.ಕ.: ಲಕೋಟೆ ಅಂಟಿಸುವ ಮೊದಲು ವಜೀರಬೀಗೆ ಎಲ್ಲ ತಿಳಿಸಿ, ಬೀದರಿಗೆ ಬಾ ಎಂದು ಕರೆದು ಬರೋಣವೆಂದು ಅವಳ ಮನೆಗೆ ಹೋಗಿದ್ದೆ. ತಿಳಿಸುವುದಕ್ಕೆ ಏನೂ ಉಳಿದಿರಲಿಲ್ಲ, ಕಾಶೀರಾಮ ಕಟ್ಟೆಯ ಮೇಲೆ ಓದಿದಾಗ ಅವಳು ನೀರಿನ ಕೊಡ ಹೊತ್ತು ಅಲ್ಲೇ ನಿಂತಿದ್ದಳಂತೆ. ನನ್ನದೇನೂ ಇಲ್ಲ, ಎಲ್ಲ ಅವರು ಮಾಡಿದ್ದು ಎಂದು ನಾನು ಅತ್ತೆ. ಅವಳು ಅಳಲಿಲ್ಲ. “ಸಿಟ್ಟಿಲ್ಲರಿ ಅಕ್ಕಾ. ಮಾಸ್ತರರಿಗೂ ಭಯ ಇರ್ತದ, ನನಗ ತಿಳೀತದ. ಸಭಾಕ್ಕ ನಾ ಬರಂಗಿಲ್ಲ. ಒಂದ ಮಾತು ನಡಸಿಕೊಡ್ರಿ, ಇನ್ನ ಮ್ಯಾಲ ಆ ಪದಾ ನನ್ನ ಮುಂದ ಹಾಡಬ್ಯಾಡ್ರಿ. ಅವು ಈಗ ನಿಮ್ಮವು ಆಗ್ಯಾವ” ಎಂದಳು. ಇಷ್ಟು ವರ್ಷದಲ್ಲಿ ಮೊದಲ ಸಲ ನನ್ನನ್ನು ಒಳಗೆ ಕರೆಯಲಿಲ್ಲ. ಸಭೆಗೆ ನಾನೊಬ್ಬಳೇ ಬರುತ್ತೇನೆ.